ಒಂಬತ್ತು ತಟ್ಟೆ ಸ್ಟ್ರುಫೋಲಿ

30 ನವೆಂಬರ್ 2024, ಶನಿವಾರ, ಮಧ್ಯಾಹ್ನ

ಬಟ್ಟೆ ಮಡಚಿ ಮುಗಿಯಿತು. ಆಯತ್‌ಳ ಕಾಲುಚೀಲಗಳಲ್ಲಿ ಮತ್ತೆ ಮೂರು ಒಂಟಿ. ಹದಿನೈದು ವರ್ಷದ ಮಗಳು, ಜೋಡಿಯನ್ನು ಎಲ್ಲಿ ಬಿಟ್ಟು ಬರುತ್ತಾಳೋ. ಅವಳಪ್ಪ ವಕಾಸ್ ಬೆಳಗಿನಿಂದ ಗ್ಯಾರೇಜಿನಲ್ಲಿ — ಹತ್ತು ದಿನದ ಹಿಂದಿನ ಬಿರುಗಾಳಿಗೆ ಮುರಿದ ಬೇಲಿಗೆ ಹಲಗೆ ಕತ್ತರಿಸುತ್ತಿದ್ದಾರೆ. ಕರೆಂಟು ಬಂದು ವಾರವಾದರೂ ಫ್ರಿಜ್ಜಿನ ವಾಸನೆ ಹೋಗಿಲ್ಲ.

ಬೇಲಿ ಬಿದ್ದ ಜಾಗದಿಂದ ಫಿಲೊಮೀನಾ ಕರೆದರು. ಪಕ್ಕದ ಮನೆ. ಎಂಬತ್ತೆರಡು ವರ್ಷ, ಒಬ್ಬರೇ. ಅಪ್ಪ ಅಮ್ಮ ಇಟಲಿಯ ನೇಪಲ್ಸ್ ಕಡೆಯಿಂದ ಬಂದವರು, ಇವರು ಹುಟ್ಟಿದ್ದು ಸಿಯಾಟಲ್‌ನಲ್ಲೇ. ನಾವು ಸಿಯಾಟಲ್ ಪಕ್ಕದ ಈ ಬಾಥೆಲ್‌ಗೆ ಬಂದ ಹೊಸದರಲ್ಲಿ ಅವರ ಹೆಸರು ಕೇಳಿ ಮೈಸೂರಿನ ಚರ್ಚು ನೆನಪಾಗಿ ಮನಸ್ಸಿಗೆ ಹತ್ತಿರವಾಗಿದ್ದರು. ಗಾಳಿಯ ಮಾರನೆಯ ದಿನ ಅಂಗಳದ ಕೊಂಬೆ ಎಳೆಯಲು ಹೋಗಿ ಬಿದ್ದಿದ್ದಾರೆ. ಬಲ ಮಣಿಕಟ್ಟು ಮುರಿದಿದೆ. ಮೊಣಕೈವರೆಗೆ ಪ್ಲಾಸ್ಟರ್.

"ರೆಮಾ, ಈ ಸಲ ನಿನ್ನ ಕೈ ಬೇಕು ನಂಗೆ. ಬಾಯಿ ನಂದು, ಕೈ ನಿಂದು."

(ಅವರು ಆಡುವುದು ಇಂಗ್ಲಿಷ್. ನನಗೆ ಕೇಳಿಸುವುದು ಹೀಗೆ. ರೆಹಮತುನ್ನೀಸಾ ಎನ್ನಲು ಬಾರದೆ ರೆಮಾ.)

ಸ್ಟ್ರುಫೋಲಿಗೆ. ಕ್ರಿಸ್‌ಮಸ್‌ಗೆ ಅವರು ಮಾಡುವ ಸಿಹಿ. ಕಡಲೆಕಾಳಿಗಿಂತ ತುಸು ದೊಡ್ಡ ಹಿಟ್ಟಿನ ಉಂಡೆಗಳನ್ನು ಎಣ್ಣೆಯಲ್ಲಿ ಕರಿದು, ಬಿಸಿ ಜೇನಿನಲ್ಲಿ ಹೊರಳಿಸಿ, ತಟ್ಟೆಯಲ್ಲಿ ಬಳೆಯ ಹಾಗೆ ಜೋಡಿಸುತ್ತಾರೆ. ಮೇಲೆ ಬಣ್ಣದ ಸಕ್ಕರೆ ಕಾಳು. ನಮ್ಮ ರಸ್ತೆಯ ಹನ್ನೆರಡು ಮನೆಗೂ ಒಂದೊಂದು ತಟ್ಟೆ. ಎಲ್ಲಕ್ಕಿಂತ ದೊಡ್ಡದು ಅವರ ಅಕ್ಕ ನುಂಜಿಯಾಗೆ. ಆಕೆಗೆ ತೊಂಬತ್ತು, ರೆಂಟನ್‌ನ ಒಂದು ಕೇರ್ ಹೋಮ್‌ನಲ್ಲಿದ್ದಾರೆ. ಈಗ ತಂಗಿಯ ಗುರುತೂ ಸರಿಯಾಗಿ ಸಿಗುವುದಿಲ್ಲ. ಆದರೆ ಈ ಸಿಹಿಯ ಗುರುತು ಸಿಗುತ್ತದೆ.

"ಇಷ್ಟು ವರ್ಷ ತಿಂದಿದೀಯ, ಮಾಡೋದೂ ಕಲಿ" ಎಂದರು.

ಹೂಂ ಎಂದೆ. ಯೋಚಿಸುವ ಮೊದಲೇ.

ಅದೇ ದಿನ, ಸಂಜೆ

ಬರೆದುಬಿಡುತ್ತೇನೆ. ಈ ಮನೆಯಲ್ಲಿ ಕನ್ನಡ ಓದಲು ಬರುವವಳು ನಾನೊಬ್ಬಳೇ. ವಕಾಸ್ ಬೆಂಗಳೂರಿನ ಇಂಗ್ಲಿಷ್ ಮೀಡಿಯಂ, ಆಯತ್‌ಗೆ ಅಕ್ಷರವೇ ಗೊತ್ತಿಲ್ಲ.

2015ರಿಂದ ಒಂಬತ್ತು ತಟ್ಟೆ ಬಂದಿವೆ. ಒಂದು ಉಂಡೆಯನ್ನೂ ತಿಂದಿಲ್ಲ.

ಮೊದಲ ವರ್ಷ ಪ್ಲಾಸ್ಟಿಕ್ ಹಾಳೆ ಬಿಚ್ಚುತ್ತಿದ್ದಂತೆ ಸೋಂಪಿನ ವಾಸನೆ, ಅದರ ಹಿಂದೆ ಇನ್ನೇನೋ ಘಾಟು. ಮದ್ಯ ಎಂದು ಗೊತ್ತಾಯಿತು. ಕೇಳಲಿಲ್ಲ. ಹೊಸ ಮನೆ, ಹೊಸ ನೆರೆ... ನಾಚಿಕೆ. ಮರುದಿನ ನಾನು ಕೆಲಸ ಮಾಡುವ ಲ್ಯಾಬಿಗೆ ಒಯ್ದು ಸಹೋದ್ಯೋಗಿ ರಮೇಶನ ಟೇಬಲ್ ಮೇಲಿಟ್ಟೆ. ತಟ್ಟೆ ತೊಳೆದು ಹಿಂದಿರುಗಿಸುವಾಗ ಫಿಲೊಮೀನಾ ಕೇಳಿದರು, ಹೇಗಿತ್ತು? ತುಂಬಾ ಚೆನ್ನಾಗಿತ್ತು ಎಂದೆ. ಆಮೇಲೆ ಪ್ರತಿ ವರ್ಷ ಅದೇ ಪ್ರಶ್ನೆ, ಅದೇ ಉತ್ತರ. ಒಂದು ವರ್ಷವಂತೂ — "ಆಯತ್ ಬೆರಳು ನೆಕ್ಕಿದಳು" ಎಂದೂ ಸೇರಿಸಿದೆ.

ಯಾಕೆ ಸೇರಿಸಿದೆನೋ.

4 ಡಿಸೆಂಬರ್, ಬುಧವಾರ

ಲ್ಯಾಬಿನಲ್ಲಿ ಎರಡು ಬ್ಯಾಚ್ ಟೆಸ್ಟಿಂಗ್. ಊಟದ ಕೋಣೆಯಲ್ಲಿ ರಮೇಶ ಸಿಕ್ಕ. ಮಂಡ್ಯದ ಕಡೆಯವನು. ಇಷ್ಟು ವರ್ಷವಾದರೂ ಮಾತು ಬದಲಾಗಿಲ್ಲ.

"ಅಕ್ಕಾ, ಡಿಸೆಂಬರ್ ಬಂತಲ್ಲ. ಜೇನುಗೋಲಿ ಯಾವಾಗ?"

"ಈ ಸಲ ಅವರ ಕೈ ಮುರಿದಿದೆ."

"ಅಯ್ಯೋ ಪಾಪ." ಒಂದು ಕ್ಷಣ ಬಿಟ್ಟು, "ಅಂದ್ರೆ ಬರಲ್ವಾ?"

ನಕ್ಕೆ.

7 ಡಿಸೆಂಬರ್, ಶನಿವಾರ

ಹೋಗಿದ್ದೆ. ಅಭ್ಯಾಸಕ್ಕೆಂದು ಮೊದಲು ಒಂದು ಸಣ್ಣ ಒಬ್ಬೆ. ಇಷ್ಟು ಬೇಗ ಮನೆಗೆ ವಾಪಸಾಗುತ್ತೇನೆ ಎಂದುಕೊಂಡಿರಲಿಲ್ಲ.

ತೂಕದ ಯಂತ್ರ ಒಯ್ದಿದ್ದೆ. ಅವರು ಅದನ್ನು ಪಕ್ಕಕ್ಕೆ ಸರಿಸಿದರು. "ಹಿಟ್ಟು ಎಷ್ಟು ಕುಡಿಯುತ್ತೋ ಅಷ್ಟು." ಆರು ಮೊಟ್ಟೆ, ಸ್ವಲ್ಪ ಸಕ್ಕರೆ, ಬೆಣ್ಣೆ, ಕಿತ್ತಳೆಯ ಸಿಪ್ಪೆ ತುರಿದದ್ದು. ಒಡೆದ ಚಿಪ್ಪುಗಳನ್ನು ಎಸೆಯಬೇಡ ಎಂದರು. ಅರ್ಧ ಚಿಪ್ಪೇ ಅವರ ಅಳತೆ ಪಾತ್ರೆ.

"ಈಗ ಒಂದೊಂದು ಮೊಟ್ಟೆಗೂ ಅರ್ಧ ಚಿಪ್ಪು ಇದು." ಎಡಗೈಯಲ್ಲಿ ಬಾಟಲಿ ಮುಂದಿಟ್ಟರು. ಸೋಂಪಿನ ಲಿಕ್ಕರ್.

ಚಿಪ್ಪು ಹಿಡಿದುಕೊಂಡು ನಿಂತೆ. ಕುಡಿಯುವುದಷ್ಟೇ ಅಲ್ಲ, ಸುರಿದು ಕೊಡುವುದೂ ತಪ್ಪು ಎಂದು ಕಲಿತವಳು. ಹಾಗಾದರೆ ರಮೇಶನಿಗೆ ಕೊಟ್ಟದ್ದು? ಆ ಪ್ರಶ್ನೆಯೂ ಅಲ್ಲೇ ಎದ್ದು ನಿಂತಿತು.

"ಏನಾಯ್ತು?"

"ನನಗೆ ಇದನ್ನ ಹಾಕಕ್ಕಾಗಲ್ಲ ಫಿಲೊಮೀನಾ. ನಮ್ಮಲ್ಲಿ ಇಲ್ಲ."

"ಹಾಕಕ್ಕೆ ತಾನೆ? ಒಂಬತ್ತು ವರ್ಷದಿಂದ ತಿಂತಿದೀಯಲ್ಲ!" ನಗುತ್ತಲೇ ಹೇಳಿದರು.

ಇನ್ನೊಂದು ಸುಳ್ಳು ಬಾಯಿಗೆ ಬಂದಿತ್ತು. ಗೊತ್ತಿರಲಿಲ್ಲ ಎಂದರೆ ಮುಗಿಯುತ್ತಿತ್ತು. ಆದರೆ ಕೈಯಲ್ಲಿ ಆ ಚಿಪ್ಪು, ಎದುರಿಗೆ ಆ ಪ್ಲಾಸ್ಟರ್ ಕೈ.

"ತಿಂದಿಲ್ಲ. ಯಾವತ್ತೂ ತಿಂದಿಲ್ಲ."

ಅವರ ನಗು ತಕ್ಷಣ ಹೋಗಲಿಲ್ಲ. ನಿಧಾನವಾಗಿ ಹೋಯಿತು. ಅದೇ ಕಷ್ಟ.

"ಪ್ರತಿ ವರ್ಷ ಕೇಳಿದೆ ನಾನು."

"ಹೌದು."

"ಮಗು ಬೆರಳು ನೆಕ್ಕಿತು ಅಂದೆ."

ಚಿಪ್ಪನ್ನು ಮೇಜಿನ ಮೇಲಿಟ್ಟೆ.

"ಮನೆಗೆ ಹೋಗು ರೆಮಾ."

ಹಿಟ್ಟಿನ ಮಧ್ಯೆ ಮೊಟ್ಟೆ ಸುರಿದದ್ದು ಹಾಗೇ ಇತ್ತು. ಕಲಸಿ ಬರುತ್ತೇನೆ ಎಂದೆ. ಬೇಡ ಎಂದರು. ಕೈ ತೊಳೆದು ಬಂದೆ.

8 ಡಿಸೆಂಬರ್, ಭಾನುವಾರ

ವಕಾಸ್ ಹೇಳುತ್ತಾರೆ — ನೀನು ಧರ್ಮ ಮೀರಲಿಲ್ಲ, ಸುಳ್ಳು ಹೇಳಿದ್ದೂ ಅವರ ಮನಸ್ಸು ನೋಯಿಸಬಾರದೆಂದೇ, ಬಿಟ್ಟುಬಿಡು. ಆಯತ್ ಫೋನಿನಿಂದ ತಲೆ ಎತ್ತಿ, "ಅಮ್ಮಿ, ಯು ಯೂಸ್ಡ್ ಮೈ ನೇಮ್?" ಎಂದಳು. ಅಷ್ಟೇ.

ಬೇಲಿಗೆ ಹೊಸ ಹಲಗೆ ಹೊಡೆದಾಯಿತು. ವಕಾಸ್ ಇಂದೇ ಮುಗಿಸಬೇಕಿತ್ತೇ?

13 ಡಿಸೆಂಬರ್, ಶುಕ್ರವಾರ, ಸಂಜೆ 6

ನಾಲ್ಕು ದಿನ ಏನೂ ಬರೆಯಲಿಲ್ಲ. ಬರೆಯುವಂಥದ್ದೇನಿತ್ತು? ಅವರ ಮನೆಯ ಪರದೆ ಮುಚ್ಚಿತ್ತು. ಕಸದ ಡಬ್ಬ ನಾನೇ ಹೊರಗಿಟ್ಟೆ, ಅವರೇ ಎಡಗೈಯಲ್ಲಿ ಒಳಗೆಳೆದುಕೊಂಡರು. ಥ್ಯಾಂಕ್ಸ್ ಇಲ್ಲ.

ಇಂದು ಲ್ಯಾಬಿನಿಂದ ಬಂದವಳು ಕೋಟು ಬಿಚ್ಚದೆ ಹೋಗಿ ಬಾಗಿಲು ತಟ್ಟಿದೆ. ಒಳಗೆ ಕರೆಯಲಿಲ್ಲ. ಬಾಗಿಲಲ್ಲೇ ನಿಂತರು.

"ತಪ್ಪಾಯ್ತು" ಎಂದೆ. ಬೇರೆ ಮಾತುಗಳನ್ನು ಜೋಡಿಸಿಕೊಂಡಿದ್ದೆ, ಬರಲಿಲ್ಲ.

"ಲಿಕ್ಕರ್‌ಗೆ ಸಿಟ್ಟಿಲ್ಲ ನಂಗೆ" ಎಂದರು. "ನಾನು ಚಿಕ್ಕವಳು, ಸಿಯಾಟಲ್‌ನ ರೇನಿಯರ್ ವ್ಯಾಲಿಯಲ್ಲಿದ್ದಾಗ ಪಕ್ಕದ ಮನೇಲಿ ಒಬ್ಬ ಯಹೂದಿ ಹೆಂಗಸು. ನಮ್ಮಮ್ಮ ಹಂದಿಮಾಂಸದ ಸಾಸೇಜ್ ಕೊಟ್ರೆ ಮುಖಕ್ಕೇ ಹೇಳೋಳು, ಇದು ನಂಗಾಗಲ್ಲ ಅಂತ. ಅಮ್ಮ ಅವಳಿಗೆ ಬೇರೆ ಏನಾದ್ರೂ ಮಾಡಿಕೊಡೋಳು. ನಲವತ್ತು ವರ್ಷ ಇಬ್ರೂ ಗೆಳತಿಯರು. ನೀನು ನಂಗೆ ಬೇರೆ ಮಾಡಿಕೊಡೋ ಅವಕಾಶಾನೇ ಕೊಡಲಿಲ್ಲ."

ಜಿಟಿಜಿಟಿ ಮಳೆ. ನನ್ನ ಬೆನ್ನು ನೆನೆಯುತ್ತಿತ್ತು.

ಅವರೇ ಕೇಳಿದರು, "ಎಲ್ಲಿ ಹೋದ್ವು ಎಲ್ಲ? ಕಸಕ್ಕಾ?"

"ಇಲ್ಲ! ರಮೇಶ್ ಅಂತ, ನಮ್ಮ ಲ್ಯಾಬಲ್ಲಿ. ಅವನು ಅಕ್ಟೋಬರ್‌ನಿಂದಲೇ ಕೇಳ್ತಾನೆ."

"ಏನಂತಾನೆ?"

ನಿಜ ಹೇಳುವುದೆಂದು ಬಂದಿದ್ದೆ, ಆದ್ದರಿಂದ ಹೇಳಿದೆ. "ತುಂಬಾ ಇಷ್ಟ ಅವನಿಗೆ. ಆದರೆ 2021ರದ್ದು ಕಲ್ಲಿನ ಹಾಗಿತ್ತು ಅಂದ."

ಫಿಲೊಮೀನಾ ನನ್ನನ್ನೇ ನೋಡಿದರು. ಆಮೇಲೆ ಬಾಗಿಲ ಚೌಕಟ್ಟಿಗೆ ಒರಗಿದರು.

"ಅದು ಜೋ ನನ್ನ ಬಿಟ್ಟುಹೋದ ವರ್ಷ" ಎಂದರು. ಅವರ ಗಂಡ. ಆ ನವೆಂಬರಿನಲ್ಲಿ ತೀರಿಕೊಂಡಿದ್ದರು. "ಉಂಡೆ ಎಣ್ಣೇಲಿ ಬಿಟ್ಟು ಕಿಟಕಿ ಹತ್ರ ನಿಂತ್ಬಿಟ್ಟಿದ್ದೆ. ಎಷ್ಟು ಹೊತ್ತು ಅಂತ ಗೊತ್ತಿಲ್ಲ. ಆದ್ರೂ ಹಂಚಿದೆ. ರಸ್ತೇಲಿ ಒಬ್ರೂ ಹೇಳಲಿಲ್ಲ ರೆಮಾ. ಎಲ್ಲರೂ ವಂಡರ್‌ಫುಲ್ ಅಂದ್ರು."

ನನ್ನ ಕಣ್ಣು ತುಂಬಿತು. ಅವರದ್ದೂ. ಆ ವರ್ಷ ನಾನೂ ವಂಡರ್‌ಫುಲ್ ಎಂದಿದ್ದೆ.

"ಒಳಗೆ ಬಾ. ನೆನೀತಿದೀಯ."

14 ಡಿಸೆಂಬರ್, ಶನಿವಾರ

ಫಿಲೊಮೀನಾ ನಿರ್ಧರಿಸಿದ್ದಾರೆ. ಎರಡು ಬಗೆ ಹಿಟ್ಟು. ಒಂದಕ್ಕೆ ಲಿಕ್ಕರ್ — ನುಂಜಿಯಾಗೆ, ರಸ್ತೆಯವರಿಗೆ. ಒಂದಕ್ಕೆ ಕಿತ್ತಳೆ ರಸ. ಮೊದಲು ನಮ್ಮದನ್ನು ಹೊಸ ಎಣ್ಣೆಯಲ್ಲಿ ಕರಿಯುವುದು. ಸೌಟು, ಬಾಣಲೆ ಬೇರೆ ಬೇರೆ. ಯಾವುದನ್ನೂ ನಾನು ಬಾಯಿಬಿಟ್ಟು ಕೇಳಲಿಲ್ಲ. ಅವರೇ ಒಂದೊಂದಾಗಿ ಕೇಳಿದರು — ಇದು ಪರವಾಗಿಲ್ಲವಾ, ಅದು ಪರವಾಗಿಲ್ಲವಾ. ಉತ್ತರಿಸಿದೆ. ಇಷ್ಟೇ ಇತ್ತು ಕೆಲಸ.

"ಲಿಕ್ಕರ್ ಹಿಟ್ಟು ಕಲಸೋರು ಯಾರು?" ಎಂದೆ.

"ಆ ಕಲ್ಲಿನ ಮನುಷ್ಯನ್ನ ಕರಿ."

16 ಡಿಸೆಂಬರ್, ಸೋಮವಾರ

ರಮೇಶನಿಗೆ ಎಲ್ಲ ಹೇಳಿದೆ. ಊಟದ ಡಬ್ಬಿಯ ಮುಚ್ಚಳ ಹಿಡಿದುಕೊಂಡೇ ಕೂತ.

"ಅಲ್ಲಾ ಅಕ್ಕಾ, ಒಂಬತ್ತ್ ವರ್ಷ ನಾನೇನೋ ನಿಮಗೆ ಶುಗರ್ ಇರ್ಬೇಕು ಪಾಪ ಅಂದ್ಕಂಡಿದ್ದೆ."

"ನಿನಗೆ ಹೇಳದೆ ಕೊಟ್ಟದ್ದೂ ತಪ್ಪೇ."

"ಅದ್ರಲ್ಲಿ ಎಣ್ಣೆ ಐತೆ ಅಂತ ಮೊದಲ್ನೇ ವರ್ಷವೇ ಗೊತ್ತಾಯ್ತು. ಅದ್ಕೇ ತಾನೆ ಬಿಡದೆ ಕೇಳ್ತಿದ್ದಿದ್ದು?"

ಮಧ್ಯಾಹ್ನವಿಡೀ ನೆನಪಾಗಿ ನಗು ಬಂತು.

21 ಡಿಸೆಂಬರ್, ಶನಿವಾರ, ಸಂಜೆ

ಕೈಯೆಲ್ಲ ಜೇನು, ಪೆನ್ನು ಅಂಟುತ್ತಿದೆ.

ಬೆಳಗ್ಗೆ ಒಂಬತ್ತಕ್ಕೇ ರಮೇಶ ಬಂದ, ಮನೆಯಿಂದ ಏಪ್ರನ್ ಸಮೇತ. ಮುದ್ದೆ ತಿರುವಿದ ಕೈ ಅವನದು — ಹಿಟ್ಟನ್ನು ನಾದಿದ ರಭಸಕ್ಕೆ ಮೇಜು ಕಿರುಗುಟ್ಟಿತು. ಫಿಲೊಮೀನಾ ಕುರ್ಚಿಯಲ್ಲಿ ಕೂತು ಎಡಗೈಯಿಂದಲೇ ಚಿಪ್ಪಿನಲ್ಲಿ ಲಿಕ್ಕರ್ ಅಳೆದು ಅವನ ಬೋಗುಣಿಗೆ ಹಾಕಿದರು. ಅರ್ಧ ಹೊರಗೆ ಚೆಲ್ಲಿತು. ಮೇಜಿನ ಈ ತುದಿಯಲ್ಲಿ ನಾನು, ಆಯತ್. ಆಯತ್ ತಾನೇ ಬರುತ್ತೇನೆ ಎಂದದ್ದು. ಬಂದವಳೇ ಫಿಲೊಮೀನಾಗೆ, "ಐ ನೆವರ್ ಲಿಕ್ಡ್ ಮೈ ಫಿಂಗರ್ಸ್. ಜಸ್ಟ್ ಸೋ ಯು ನೋ" ಎಂದಳು. "ಗೊತ್ತಾಯ್ತು" ಎಂದರು ಅವರು, ತುಂಬಾ ಗಂಭೀರವಾಗಿ.

ಹಿಟ್ಟು ಚಪಾತಿಗಿಂತ ಮೆತ್ತಗೆ. ಹಗ್ಗದ ಹಾಗೆ ಹೊಸೆಯುವುದು, ಚಾಕುವಿನಿಂದ ತುಂಡು ಮಾಡುವುದು. ನನ್ನವು ದೊಡ್ಡವಾದವು. "ಚಿಕ್ಕದು, ಚಿಕ್ಕದು" — ಹತ್ತು ಸಲ ಹೇಳಿಸಿಕೊಂಡೆ. ಎಣ್ಣೆಗೆ ಬಿಟ್ಟರೆ ತಿರುಗುತ್ತ ತಾವೇ ಉಬ್ಬುತ್ತವೆ. ಹೊಂಬಣ್ಣ ಬರುವುದಕ್ಕೆ ಒಂದು ಕ್ಷಣ ಮೊದಲೇ ತೆಗೆಯಬೇಕು. ಫಿಲೊಮೀನಾ ಬಾಣಲೆಯ ಪಕ್ಕದಿಂದ ಕದಲಲಿಲ್ಲ. "ಈಗ. ಈಗ! ತೆಗಿ!"

ನಮ್ಮ ಮೊದಲ ಒಬ್ಬೆ ಜೇನಿನಲ್ಲಿ ಹೊರಳಿ ಬಂತು. ಅವರು ಚಮಚದಲ್ಲಿ ನಾಲ್ಕು ಎತ್ತಿ ನನ್ನ ಮುಂದೆ ಹಿಡಿದರು. ಬಿಸ್ಮಿಲ್ಲಾ ಹೇಳಿ ಬಾಯಿಗೆ ಹಾಕಿಕೊಂಡೆ.

"ಹೇಗಿದೆ?"

ಮೊದಲು ಜೇನು. ಆಮೇಲೆ ಕರಿದ ಘಮ, ಕಿತ್ತಳೆ. ಕಚ್ಚಿದರೆ ಹೊರಗೆ ಗರಿ, ಒಳಗೆ ಮೃದು. ಅದಾದ ಮೇಲೆ — ಸಪ್ಪೆ. ಏನೋ ಕಡಿಮೆ. ತುಂಬಾ ಚೆನ್ನಾಗಿದೆ ಎಂಬ ಮಾತು ನಾಲಿಗೆಯ ತುದಿಯಲ್ಲಿ ಸಿದ್ಧವಾಗಿ ನಿಂತಿತ್ತು, ಒಂಬತ್ತು ವರ್ಷದ ರೂಢಿ. ನುಂಗಿಕೊಂಡೆ.

"ಉಪ್ಪು ಸಾಲದು."

ಅವರ ಹುಬ್ಬು ಮೇಲೇರಿತು. ಒಂದು ಉಂಡೆ ತಾವೇ ತಿಂದರು. ಇನ್ನೊಂದು. ರಮೇಶನ ಕಡೆ ತಿರುಗಿದರು. "ನಿಂಗೂ ಗೊತ್ತಿತ್ತಾ?"

ಅವನು ತಲೆ ಕೆರೆದುಕೊಂಡ. ಎರಡು ವರ್ಷದಿಂದ ಸ್ವಲ್ಪ ಕಡಿಮೆ ಎಂದು ಒಪ್ಪಿಕೊಂಡ.

"ನಂಗೆ ಗೊತ್ತಾಗ್ಲೇ ಇಲ್ಲ" ಎಂದರು. ಮುಖದ ಮೇಲೆ ನೆರಳು ಹಾದುಹೋಯಿತು. ವಯಸ್ಸಿನ ನೆರಳು ಇರಬೇಕು. ಆಮೇಲೆ ಉಪ್ಪಿನ ಡಬ್ಬಿ ನನ್ನ ಕಡೆ ತಳ್ಳಿದರು. "ನೀನೇ ಹಾಕು. ಇನ್ಮೇಲೆ ಉಪ್ಪು ನಿಂದು."

ಉಳಿದ ಎರಡೂ ಹಿಟ್ಟಿಗೆ ಚಿಟಿಕೆ ಚಿಟಿಕೆಯಾಗಿ ಹಾಕಿ ಮತ್ತೆ ನಾದಿದೆವು. ನನ್ನ ಎರಡನೇ ಒಬ್ಬೆ ಕರಿದು ಬಂದಾಗ ಆಯತ್ ಬಾಣಲೆಯ ಪಕ್ಕದಲ್ಲೇ ನಿಂತು ತಿಂದಳು. ಆಮೇಲೆ ಬೆರಳುಗಳನ್ನು ನೋಡಿಕೊಂಡಳು, ನಮ್ಮನ್ನು ನೋಡಿದಳು, ನಲ್ಲಿಯ ಕೆಳಗೆ ತೊಳೆದುಕೊಂಡಳು. ಎಲ್ಲರೂ ನಕ್ಕೆವು. ಅವಳೂ.

24 ಡಿಸೆಂಬರ್, ಮಂಗಳವಾರ, ಸಂಜೆ 5

ರೆಂಟನ್‌ಗೆ ಹೋಗಿಬಂದೆವು. ನಾನು ಡ್ರೈವ್ ಮಾಡಿದೆ, ಫಿಲೊಮೀನಾ ದೊಡ್ಡ ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು ಪಕ್ಕದಲ್ಲಿ. 405 ಹೆದ್ದಾರಿಯಲ್ಲಿ ಮಳೆ, ಟ್ರಾಫಿಕ್, ಒಂದೂವರೆ ಗಂಟೆ.

ನುಂಜಿಯಾ ಕಿಟಕಿಯ ಬಳಿ ಗಾಲಿಕುರ್ಚಿಯಲ್ಲಿದ್ದರು. ಹಕ್ಕಿಯಂಥ ಪುಟ್ಟ ದೇಹ. ತಂಗಿಯನ್ನು ನೋಡಿ ಸುಮ್ಮನೆ ನಕ್ಕರು, ಯಾರೋ ಬಂದರೆ ನಗುವ ಹಾಗೆ. ತಟ್ಟೆಯ ಹಾಳೆ ಬಿಚ್ಚಿದ್ದೇ ತಡ, ಕೈ ನೇರ ಬಂತು. ಒಂದು, ಎರಡು, ಆರು. ಬಣ್ಣದ ಕಾಳು ಗಲ್ಲಕ್ಕೆಲ್ಲ ಅಂಟಿತು. ಆಮೇಲೆ ಇಟಾಲಿಯನ್‌ನಲ್ಲಿ ಏನೋ ಕೇಳಿದರು. ಫಿಲೊಮೀನಾ ಪ್ಲಾಸ್ಟರ್ ಕೈಯನ್ನು ಅಕ್ಕನ ಮೊಣಕಾಲ ಮೇಲಿಟ್ಟು, ಕೊನೆಗೆ ಎರಡೇ ಮಾತು ಹೇಳಿದರು. ನುಂಜಿಯಾ ತಲೆಯಾಡಿಸಿ ಮತ್ತೆ ತಿನ್ನತೊಡಗಿದರು.

ವಾಪಸು ಬರುವಾಗ ಬೆಲ್‌ವ್ಯೂ ದಾಟಿದ ಮೇಲೆ ತಾವಾಗಿ ಹೇಳಿದರು.

"ಅಮ್ಮ ಯಾಕೆ ಬರಲಿಲ್ಲ ಅಂತ ಕೇಳಿದ್ಲು. ಪ್ರತಿ ವರ್ಷ ಕೇಳ್ತಾಳೆ. ಅಮ್ಮ ಹೋಗಿ ಮೂವತ್ತು ವರ್ಷ."

"ಏನು ಹೇಳಿದ್ರಿ?"

"ಈ ಸಲ ನಿಜ ಹೇಳಬೇಕು ಅಂತಿದ್ದೆ. ನಿನ್ನ ಮೇಲೆ ಅಷ್ಟು ಸಿಟ್ಟಾಗಿದ್ನಲ್ಲ." ವೈಪರ್ ನಾಲ್ಕಾರು ಸಲ ಆಡಿತು. "ಮನೇಲಿದಾಳೆ, ಎರಡನೇ ಒಬ್ಬೆ ಕರೀತಿದಾಳೆ ಅಂದೆ."

ಏನು ಹೇಳಲಿ ಎಂದು ಹುಡುಕಿದೆ. ಎಡಗೈ ಎತ್ತಿ ತಡೆದರು. "ನೀನೇನೂ ಹೇಳಬೇಡ."

ಅವರ ಕೈ ಹಿಡಿದುಕೊಂಡೆ. ಬಾಥೆಲ್ ಬರುವ ತನಕ ಒಂದೇ ಕೈಯಲ್ಲಿ ಓಡಿಸಿದೆ.

ಇಳಿಸಿ ಬಂದು ಕೂತಿದ್ದೇನೆ. ನಮ್ಮ ತಟ್ಟೆ ಕೆಳಗೆ ಅಡುಗೆಮನೆಯಲ್ಲಿದೆ, ಬೆಳಗ್ಗೆ ತುಂಬಿತ್ತು. ಆಯತ್ ಮೆಟ್ಟಿಲ ಬುಡದಿಂದ ಕೂಗುತ್ತಿದ್ದಾಳೆ — ಅವಳ ಅಬ್ಬಾ ಚಮಚ ಬಿಟ್ಟು ಕೈ ಹಾಕಿದ್ದಾರಂತೆ, ಹತ್ತೋ ಹನ್ನೆರಡೋ ಉಳಿದಿವೆಯಂತೆ. ಇನ್ನೆರಡು ಸಾಲು ಬರೆಯೋಣವೆಂದಿದ್ದೆ. ಬೇಡ, ಈಗಲೇ ಇಳಿಯದಿದ್ದರೆ ನನಗೆ ಒಂದೂ —