ಬೆಲ್ಲೋನಾ ಗುಡಿಯ ಮುಂದಿನ ಸೈಟು

ಜುಲೈ 7, ಸೋಮವಾರ. ಟೂಂಗಾಬಿ. ಬೆಳಿಗ್ಗೆ 9.10

ಒಂದು ಅಂತ್ಯಕ್ರಿಯೆ, ಒಟ್ಟು ಆರೂವರೆ ಸಾವಿರ ಡಾಲರ್. ಪೆಟ್ಟಿಗೆ 1,450. ವ್ಯಾನು, ಕೋಲ್ಡ್ ರೂಮು 1,350. ಚಾಪೆಲ್ ಮತ್ತು ದಹನ 1,600. ಕಾಗದಪತ್ರ 250. ಹೂವು, ವಿಭೂತಿ 300. ಮಂತ್ರ ಹೇಳುವ ಅಯ್ಯನವರಿಗೆ 350. ಉಳಿದ 1,200 ನನ್ನ ಫೀ. ಪೆಟ್ಟಿಗೆಯಲ್ಲಿ ಐನೂರು ಮಿಗುತ್ತದೆ, ಅದು ಗಿರಾಕಿಗೆ ಗೊತ್ತಿಲ್ಲ.

ಮೆಲ್ಬರ್ನ್ ಕೇಸು. ಕ್ರೇಗಿಬರ್ನ್‌ನ ಕಿರಣಕುಮಾರನ ತಂದೆ ಪಂಚಾಕ್ಷರಯ್ಯ, ಎಪ್ಪತ್ತೊಂಬತ್ತು, ನಿನ್ನೆ ಹಾರ್ಟ್ ಅಟ್ಯಾಕ್. ಬೆಳಗಾವಿ ಕಡೆಯ ಜಂಗಮರು. ಸುಡುವ ಪೈಕಿ ಅಲ್ಲ, ಹೂಳುವ ಪೈಕಿ. ನನಗೆ ಗೊತ್ತಿಲ್ಲದ್ದೇನಲ್ಲ. ನನ್ನಪ್ಪನನ್ನು ಹುಬ್ಬಳ್ಳಿಯಲ್ಲಿ ಹೂಳಿದಾಗ ಕೈಯಲ್ಲಿ ಲಿಂಗ ಇಟ್ಟವನು ನಾನೇ. ಹಾಗಾಗಿ ಮೊದಲು ಹೂಳುವ ರೇಟೇ ಹೇಳಿದೆ. ಜಾಗ, ಕುಣಿ ಸೇರಿ 13,600. ಎಲ್ಲ ಕೂಡಿದರೆ ಹದಿನೆಂಟೂವರೆ ಸಾವಿರ.

ಫೋನಿನಲ್ಲಿ ಕಿರಣಕುಮಾರ ಮೊತ್ತವನ್ನು ಎರಡು ಸಲ ಹೇಳಿಸಿಕೊಂಡ. ಆಮೇಲೆ ಮಾರ್ಟ್‌ಗೇಜ್, ಎರಡು ಕಾರಿನ ಕಂತು, ಮಗಳ ಪ್ರೈವೇಟ್ ಸ್ಕೂಲು — ಪೂರ್ತಿ ಪಟ್ಟಿ ಬಂತು.

"ಸುಡೂ ಸ್ಟ್ಯಾಂಡರ್ಡ್ ಪ್ಯಾಕೇಜ ಮಾಡಿಬಿಡ್ರಿ ಅಂಕಲ್. ಆದ್ರ ಅವ್ವ ಒಪ್ಪೂದಿಲ್ಲ."

ಇಲ್ಲಿ ನಾನು ಬಾಯಿ ಮುಚ್ಚಿಕೊಳ್ಳಬಹುದಿತ್ತು. ಗಿರಾಕಿ ಕೈ ಜಾರುವ ಸದ್ದು ಕೇಳಿದರೆ ನನ್ನ ನಾಲಿಗೆ ತಾನೇ ಓಡುತ್ತದೆ, ಟ್ಯಾಕ್ಸಿ ಓಡಿಸುವಾಗಿನ ಚಟ. ಹೇಳಿದೆ: ಒಂದು ಚಾಪೆಲ್ ಇದೆ, ಅಲ್ಲಿ ಪರದೆ ಎಳೆಯುವುದಿಲ್ಲ. ಪ್ರಾರ್ಥನೆ ಮುಗಿದ ಮೇಲೆ ಪೆಟ್ಟಿಗೆ ನೆಲದೊಳಗೆ ಇಳಿಯುತ್ತದೆ, ಲಿಫ್ಟ್ ಥರ. ಒಲೆ ಕೆಳಗಿನ ಮಹಡಿಯಲ್ಲಿ. ನೋಡುವವರಿಗೆ ಕುಣಿಗೆ ಇಳಿಸಿದ ಹಾಗೆಯೇ...

ಕಿರಣಕುಮಾರ ಅರ್ಥ ಮಾಡಿಕೊಂಡ. ಥ್ಯಾಂಕ್ಸ್ ಬೇರೆ ಹೇಳಿದ.

ಜುಲೈ 8, ಮಂಗಳವಾರ

ಸ್ಕೋಫೀಲ್ಡ್ಸ್‌ನಲ್ಲಿ ಶಂಕರನಾರಾಯಣನ ಹೊಸ ಮನೆಯ ಗೃಹಪ್ರವೇಶ ಆಯಿತಂತೆ. ವಾಟ್ಸಾಪ್‌ನಲ್ಲಿ ಫೋಟೋ ನೋಡಿದೆ. ಕರೆದಿಲ್ಲ. ಅವನ ತಾಯಿಯ ಹೆಣ ಸಾಗಿಸಿಕೊಟ್ಟವನು ನಾನು. ಆಗ ಅಣ್ಣಾ ಅಣ್ಣಾ ಅಂದಿದ್ದ. ಯಾರೂ ಕರೆಯುವುದಿಲ್ಲ, ಅಭ್ಯಾಸವಾಗಿದೆ. ಕನ್ನಡ ಸಂಘದ ಕಾರ್ಯಕ್ರಮಕ್ಕೆ ಸ್ಪಾನ್ಸರ್‌ಶಿಪ್ ಕೇಳಲು ಮಾತ್ರ ತಪ್ಪದೆ ಬರುತ್ತಾರೆ.

ಸಂಜೆ ಫೋನಿನಲ್ಲಿ ಮಗಳಿಗೆ ಇದನ್ನೇ ಹೇಳಿದೆ. ಮಹಾಶ್ವೇತಾ ಮೆಲ್ಬರ್ನ್‌ನ ಯೂನಿವರ್ಸಿಟಿಯಲ್ಲಿ ಹಳೆಯ ರೋಮಿನ ಸಾವಿನ ದೇವರುಗಳ ಮೇಲೆ ಪಿಎಚ್‌ಡಿ ಮಾಡುತ್ತಿದ್ದಾಳೆ. ಅಪ್ಪ ಹೆಣ ಸಾಗಿಸಿ ಗಳಿಸಿದ ದುಡ್ಡಿನಲ್ಲಿ ಓದು, ಓದುವುದೂ ಹೆಣದ ವಿಷಯವನ್ನೇ ಎಂದೆ. ನಕ್ಕಳು. ಅಲ್ಲಿ ಲಿಬಿಟಿನಾ ಎಂಬ ದೇವತೆ ಇದ್ದಳಂತೆ. ಊರಲ್ಲಿ ಯಾರು ಸತ್ತರೂ ಅವಳ ಗುಡಿಗೆ ಒಂದು ನಾಣ್ಯ ಕಟ್ಟಬೇಕು, ಹೆಸರು ಬರೆಸಬೇಕು. ಪೆಟ್ಟಿಗೆ, ಆಳು, ಅಳುವ ಹೆಂಗಸರು ಎಲ್ಲ ಅವಳ ತೋಪಿನಲ್ಲೇ ಬಾಡಿಗೆಗೆ. ಒಂದು ಊರಿನಲ್ಲಂತೂ ಹೆಣ ಹೊರುವವರು ಊರೊಳಗೆ ವಾಸ ಮಾಡುವ ಹಾಗಿಲ್ಲ, ಕೆಲಸಕ್ಕೆ ಬಂದರೆ ತಲೆಗೆ ಬಣ್ಣದ ಟೋಪಿ ಹಾಕಬೇಕು. ಯುದ್ಧದ ದೇವರು ಮಾರ್ಸ್‌ಗೂ ಹಳೆಯ ಬಲಿಪೀಠ ಊರ ಗೋಡೆಯಾಚೆಯೇ. ಯುದ್ಧ ಗೆದ್ದು ತಂದ ಬಂಗಾರ ಮಾತ್ರ ಮೆರವಣಿಗೆಯಲ್ಲಿ ಊರೊಳಗೆ.

ಟೋಪಿ ಒಂದು ಕಡಿಮೆ ನನಗೆ.

ಗುರುವಾರ ಚಾಪೆಲ್‌ಗೆ ಬಾ ಎಂದೆ. ಕಿರಣಕುಮಾರನ ಅವ್ವ, ಮುದುಕಿ ದ್ಯಾಮವ್ವನಿಗೆ ಇಂಗ್ಲಿಷ್ ಬರುವುದಿಲ್ಲ, ಪಕ್ಕದಲ್ಲಿ ಕನ್ನಡದವರು ಕೂತರೆ ಧೈರ್ಯ. ನೂರೈವತ್ತು ಕೊಡುತ್ತೇನೆ. ಉಳಿದದ್ದು ಹೇಳಲಿಲ್ಲ.

ಜುಲೈ 10, ಗುರುವಾರ. ಮೆಲ್ಬರ್ನ್

ಬೆಳಗಿನ ಫ್ಲೈಟು. ಗಾಳಿ ಮೂಳೆ ಕೊರೆಯುತ್ತಿತ್ತು.

ಚಾಪೆಲ್ ಬಾಗಿಲಲ್ಲಿ ಕಿರಣಕುಮಾರ ಕಿವಿಯಲ್ಲಿ ಉಸುರಿದ: ಅವ್ವ ಒಂದು ಹಿಡಿ ಮಣ್ಣು ಹಾಕಬೇಕು ಅನ್ನುತ್ತಿದ್ದಾಳೆ. ಹಾರ್ಡ್‌ವೇರ್ ಅಂಗಡಿಗೆ ಓಡಿ ಹೂಕುಂಡಕ್ಕೆ ಹಾಕುವ ಮಣ್ಣಿನ ಚೀಲ ತಂದೆ. ಒಂಬತ್ತು ಡಾಲರ್. ಚೀಲದ ಮೇಲೆ ಎಚ್ಚರಿಕೆ ಅಚ್ಚಾಗಿತ್ತು — ಕೈಗವಸು ಹಾಕಿ, ಮೂಗಿಗೆ ಹೋಗದಂತೆ ನೋಡಿಕೊಳ್ಳಿ. ಹಿತ್ತಾಳೆ ತಟ್ಟೆಗೆ ಸುರಿದೆ. ಗೊಬ್ಬರದ ಬಿಳಿ ಕಾಳುಗಳನ್ನು ಒಂದೊಂದಾಗಿ ಆರಿಸಿ ತೆಗೆದೆ. ವೃತ್ತಿಯಲ್ಲಿ ಅಚ್ಚುಕಟ್ಟು ಬೇಕಲ್ಲ. ಒಳಗೆ ಮಹಾಶ್ವೇತಾ ಮುದುಕಿಯ ಪಕ್ಕ ಕೂತು ತನ್ನ ಫೋನ್ ನಂಬರು ಬರೆದುಕೊಡುತ್ತಿದ್ದಳು.

ದ್ಯಾಮವ್ವ ಗಂಡನ ಇಷ್ಟಲಿಂಗವನ್ನು ತಾನೇ ಅವನ ಎಡಗೈಯಲ್ಲಿಟ್ಟು ಬೆರಳು ಮಡಚಿದಳು. ಮುಚ್ಚಳ ಹಾಕಿದರು. ಮಣ್ಣು ತೆಗೆದುಕೊಂಡು ಮೂಸಿದಳು.

"ಈ ಊರಾಗ ಮಣ್ಣೂ ಚೀಲದಾಗ ಬರ್ತೈತೇನ್ ತಮ್ಮಾ?"

ಏನೋ ಅಂದೆ. ಪೆಟ್ಟಿಗೆ ಇಳಿಯಿತು. ನೆಲ ಮುಚ್ಚಿಕೊಂಡಿತು. ಮುದುಕಿ ಅಲ್ಲೇ ಕೂತು ಅಂಗೈಯಿಂದ ಟೈಲ್ಸ್ ಮುಟ್ಟಿ ನಮಸ್ಕಾರ ಮಾಡಿದಳು. ಕೆಳಗೆ ಒಲೆಯ ಫ್ಯಾನು ಶುರುವಾದ ಸದ್ದು ನನಗೆ ಕೇಳಿಸಿತು. ಆ ಸದ್ದು ಏನೆಂದು ಗೊತ್ತಿರುವವರಿಗೆ ಮಾತ್ರ ಕೇಳಿಸುತ್ತದೆ.

ಏರ್‌ಪೋರ್ಟ್‌ನಲ್ಲಿ ಸೋಪು ಹಚ್ಚಿ ಮೂರು ಸಲ ಕೈ ತೊಳೆದೆ.

ಜುಲೈ 11, ಶುಕ್ರವಾರ. ಟೂಂಗಾಬಿ

ಮಧ್ಯಾಹ್ನ ಕಿರಣಕುಮಾರನ ಫೋನು. ನಾಳೆ ಮೂರನೇ ದಿನದ ಹಾಲು ತುಪ್ಪ. ಸಮಾಧಿಗೆ ಹೋಗಬೇಕು ಅಂತ ಅವ್ವ ಹಠ ಹಿಡಿದಿದ್ದಾಳೆ. ಕುಣಿ ಚಾಪೆಲ್ ಕೆಳಗಿದೆ, ಹೋಗಲು ಬಿಡುವುದಿಲ್ಲ ಅಂದನಂತೆ. ಹಾಗಾದರೆ ಪೊಲೀಸರನ್ನು ಕೇಳುತ್ತೇನೆ ಅಂದಳಂತೆ.

"ಯಾವುದರ ಒಂದು ಹೊಸಾ ಕುಣಿ ತೋರಿಸ್ರಿ ಅಂಕಲ್. ಹೆಸರಿನ ಕಲ್ಲು ಇಲ್ಲದ್ದು. ಒಂದ್ಸಲ ನೋಡಿದ್ರ ಸಾಕು, ಸುಮ್ನಾಗ್ತಾಳ."

ಎಷ್ಟು ಸಲೀಸಾಗಿ ಕೇಳಿದ! ನಾನು ಇನ್ನೂರೈವತ್ತು ಅಂದೆ. ಅಷ್ಟೇ ಸಲೀಸಾಗಿ. ಅಂಥ ಕುಣಿಗಳು ಎಲ್ಲಿವೆ ಎಂದೂ ನನಗೆ ಗೊತ್ತು. ಬರೀ ನಂಬರಿನ ಗೂಟ ಇರುವ ಸಾಲು.

ಅದೇ ದಿನ, ಸಂಜೆ 6.30

ಮಹಾಶ್ವೇತಾ. ಫೋನೆತ್ತಿದರೆ ಯೋಗಕ್ಷೇಮ ಕೇಳಲಿಲ್ಲ. ನೇರ ಪಾಠ.

ಬೆಲ್ಲೋನಾ ಯುದ್ಧದ ದೇವತೆ. ರೋಮಿನವರು ಯುದ್ಧ ಸಾರಬೇಕಾದರೆ ಪೂಜಾರಿ ಶತ್ರುವಿನ ನೆಲಕ್ಕೆ ಹೋಗಿ ಈಟಿ ಎಸೆಯಬೇಕು. ಆಗಲೇ ಅದು ಧರ್ಮಯುದ್ಧ, ಇಲ್ಲದಿದ್ದರೆ ದೇವರು ಒಪ್ಪುವುದಿಲ್ಲ. ಒಮ್ಮೆ ಶತ್ರು ಸಮುದ್ರದಾಚೆಯವನು. ಅಷ್ಟು ದೂರ ಯಾರು ಹೋಗುತ್ತಾರೆ? ಸೆರೆ ಸಿಕ್ಕ ಒಬ್ಬ ಸೈನಿಕನನ್ನು ಹಿಡಿದು, ರೋಮಿನಲ್ಲೇ ಒಂದು ತುಂಡು ನೆಲವನ್ನು ಅವನ ಹೆಸರಿಗೆ ಕೊಳ್ಳುವಂತೆ ಮಾಡಿದರು. ಶತ್ರು ಕೊಂಡ ಸೈಟು, ಆದ್ದರಿಂದ ಶತ್ರುವಿನ ನೆಲ. ಮುಂದೆ ಅಂಥದೇ ಜಾಗ ಬೆಲ್ಲೋನಾ ಗುಡಿಯ ಮುಂದೆ ಕಾಯಂ ಆಯಿತು, ಕಂಬ ನೆಟ್ಟರು. ಪೂಜಾರಿ ನಾಲ್ಕು ಹೆಜ್ಜೆ ನಡೆದು ಈಟಿ ಎಸೆದು ಮನೆಗೆ ಹೋಗಿ ಊಟ ಮಾಡುತ್ತಿದ್ದ.

ಭಲೇ ಅಂದೆ. ಮನಸ್ಸಿನಿಂದಲೇ ಅಂದೆ. ಅಂಥ ಬ್ರೋಕರ್ ನಮ್ಮ ಕಾಲದಲ್ಲಿ ಹುಟ್ಟಬೇಕಿತ್ತು.

"ಹುಟ್ಟಿದಾನೆ ಅಪ್ಪಾ," ಅಂದಳು. "ದ್ಯಾಮವ್ವ ಅಜ್ಜಿ ನನಗೆ ಫೋನ್ ಮಾಡಿದ್ರು. ನಾಳೆ ಸಮಾಧಿಗೆ ನೀನೂ ಬಾ ಮಗಳ, ಅಂತ. ಯಾವ ಸಮಾಧಿ?"

ಕುಟುಂಬದವರ ಇಷ್ಟ, ನಾನು ಬರೀ ವ್ಯವಸ್ಥೆ ಮಾಡುವವನು ಎಂದೆಲ್ಲ ಹತ್ತು ನಿಮಿಷ ಮಾತಾಡಿದೆ. ಅಷ್ಟು ಮಾತಿಗೆ ಬೇರೆಯವರಾಗಿದ್ದರೆ ಎರಡು ಪೆಟ್ಟಿಗೆ ಮಾರಿರುತ್ತಿದ್ದೆ. ಅವಳು ಕೊಳ್ಳಲಿಲ್ಲ. ಸುಳ್ಳು ಆಣೆ ಇಟ್ಟವರನ್ನು ಸತ್ತ ಮೇಲೆ ಹಿಡಿದು ಶಿಕ್ಷಿಸಲು ಓರ್ಕಸ್ ಅಂತ ಬೇರೆ ದೇವರೇ ಇದ್ದ ಎಂದು ಹೇಳಿ ಫೋನ್ ಇಟ್ಟಳು.

ನಾನು ಆಣೆ ಇಟ್ಟಿಲ್ಲ. ಇನ್‌ವಾಯ್ಸ್ ಕೊಟ್ಟಿದ್ದೇನೆ.

ಜುಲೈ 12, ಶನಿವಾರ. ಮೆಲ್ಬರ್ನ್

ಗೂಟದ ನಂಬರು 418. ಒಳಗೆ ಯಾರೋ. ಹೊಸ ಜೇಡಿ ಮಣ್ಣು, ಮೇಲೆ ಯಾರದೋ ಗುಲಾಬಿ ಬಾಡಿತ್ತು. ಕಿರಣಕುಮಾರ ಬಂದವನೇ ಅದನ್ನೆತ್ತಿ ಪೊದೆಗೆ ಎಸೆದ. ನನಗೆ ಹೇಸಿಗೆ ಅನಿಸಿತು. ಅವನ ಮೇಲೆ ಅಂದುಕೊಂಡೆ. ಆದರೆ ಜಾಗ ತೋರಿಸಿದ ಬೆರಳು ನನ್ನದು.

ಮಹಾಶ್ವೇತಾಳ ಕೈ ಹಿಡಿದು ಬಂದ ದ್ಯಾಮವ್ವ ಸ್ಟೀಲ್ ತಂಬಿಗೆಯಲ್ಲಿ ಹಾಲು ತಂದಿದ್ದಳು. ಬಗ್ಗಿದಳು. ಸುರಿಯಲಿಲ್ಲ. ತಲೆ ಎತ್ತಿ ನನ್ನನ್ನು ಕೇಳಿದಳು, ಮಗನನ್ನಲ್ಲ.

"ತಲಿ ಯಾ ಕಡೆ ಐತಿ ತಮ್ಮಾ?"

ಸುಲಭದ ಪ್ರಶ್ನೆ. ಯಾವ ಕಡೆ ತೋರಿಸಿದರೂ ನಡೆಯುತ್ತಿತ್ತು. ಹುಬ್ಬಳ್ಳಿ ಬಸ್ ಸ್ಟ್ಯಾಂಡಿನಲ್ಲಿ ಬಾಚಣಿಗೆ ಮಾರುವಾಗಿನಿಂದ ಇವತ್ತಿನವರೆಗೆ ನನಗೆ ಉತ್ತರ ಹೊಳೆಯದೆ ಹೋದದ್ದಿಲ್ಲ.

"ಅಪ್ಪಾ, ನೀನು ಹೇಳ್ತೀಯೋ, ನಾನು ಹೇಳ್ಲೋ?" ಅಂದಳು ಮಹಾಶ್ವೇತಾ.

ಹೇಳಿದೆ. ಇಲ್ಲಿ ಇಲ್ಲ ತಾಯಿ. ಸುಟ್ಟಿದ್ದೇವೆ. ಮಗ ಹೇಳಿದ, ಉಪಾಯ ನಂದು.

ಮುದುಕಿ ಅಳಲಿಲ್ಲ, ಶಪಿಸಲೂ ಇಲ್ಲ. "ಕೈಯಾಗ ಲಿಂಗ ಇತ್ತಲ್ಲೋ," ಅಂದಳು. ಇನ್ನೊಮ್ಮೆ ಅದನ್ನೇ ಅಂದಳು. ಕಿರಣಕುಮಾರ ಕಾರಿನ ಕಡೆ ನಡೆದ. ಅವಳು ಆಮೇಲೆ ಹಾಲನ್ನು ಆ ಕುಣಿಗೇ ಸುರಿದಳು. "ಇವರೂ ಯಾರೋ ಪಾಪ," ಅಂದು ಪೊದೆಯಿಂದ ಗುಲಾಬಿ ತರಿಸಿ ಇದ್ದಲ್ಲೇ ಇಟ್ಟಳು.

ಇನ್ನೂರೈವತ್ತು ನಾನು ಕೇಳಲಿಲ್ಲ. ಅವನು ಸಂಜೆ ಟ್ರಾನ್ಸ್‌ಫರ್ ಮಾಡಿದ್ದಾನೆ. ವಾಪಸ್ ಕಳಿಸಿಲ್ಲ.

ಜುಲೈ 19, ಶನಿವಾರ. ಮೆಲ್ಬರ್ನ್

ದ್ಯಾಮವ್ವ ಕರೆಸಿದಳು. ಬೈಯಲು ಅಂದುಕೊಂಡು ಹೋದೆ. ಅದಕ್ಕಾದರೆ ತಯಾರಿದ್ದೆ.

ಕಿರಣಕುಮಾರ ಮನೆಯಲ್ಲಿರಲಿಲ್ಲ. ಬೂದಿಯ ಡಬ್ಬಿ ಅವಳ ಮಂಚದ ಪಕ್ಕದಲ್ಲಿತ್ತು. ಗ್ಯಾರೇಜಿನಲ್ಲಿ ಪೇಂಟ್ ಡಬ್ಬಿಗಳ ನಡುವೆ ಇತ್ತಂತೆ. ಸೆರಗಿನ ಗಂಟು ಬಿಚ್ಚಿ ನಾಲ್ಕು ಬಂಗಾರದ ಪಾಟಲಿ ಹೊರಗಿಟ್ಟಳು. ಎಂಟು ತೊಲೆ. ಕುಣಿಯ ದುಡ್ಡಿಗೆ ಸರಿಹೋಗುತ್ತದೆ, ನನ್ನ ಕಣ್ಣೇ ತಕ್ಕಡಿ.

"ನನ್ನ ಕುಣಿ ಈಗಾ ತಗೋಬೇಕು. ಇವರ ಬೂದಿ ನನ್ನ ಜೋಡಿ ಇಡಬೇಕು. ಹಂಗಾದ್ರೂ ಮಣ್ಣು ಸೇರ್ಲಿ. ಮಗನ ಕೈಯಾಗ ಕಾಗದ ಕೊಡಬ್ಯಾಡ."

ಬೇರೆ ಕಂಪನಿಗಳಿವೆ ತಾಯಿ, ದೊಡ್ಡವರು, ನಾನು ಯಾಕೆ ಅಂದೆ.

"ಕಳ್ಳ ದಾರಿ ನಿನಗ ಗೊತ್ತೈತಿ. ಮತ್ತೊಬ್ಬ ಮಾಡಾಕ ಬಂದ್ರ ನಿನಗ ತಿಳೀತೈತಿ."

ಮಹಾಶ್ವೇತಾ ಪಕ್ಕದಲ್ಲಿ ಕೂತು ಕರಾರನ್ನು ಇಂಗ್ಲಿಷಿನಲ್ಲಿ ಬರೆದು ಕನ್ನಡದಲ್ಲಿ ಓದಿ ಹೇಳಿದಳು. ನನ್ನ ಮುಖ ನೋಡಲಿಲ್ಲ. ಸಹಿ ಮಾಡಿದೆ. ಚಾಪೆಲ್‌ನಲ್ಲಿ ಕೂತದ್ದಕ್ಕೆ ನಾನು ಕೊಟ್ಟಿದ್ದ ನೂರೈವತ್ತು ಡಾಲರನ್ನು ಮಡಚಿ ನನ್ನ ಜೇಬಿಗೆ ಹಾಕಿ ಮಗಳು ಎದ್ದು ಹೋದಳು.

ಜುಲೈ 20, ಭಾನುವಾರ. ಟೂಂಗಾಬಿ

ಲೆಕ್ಕ.

ಕಿರಣಕುಮಾರನಿಗೆ ಹನ್ನೆರಡು ಸಾವಿರ ಉಳಿತಾಯ. ಅವ್ವ ಈಗ ಅವನ ಜೊತೆ ಮಾತಾಡುವುದಿಲ್ಲ. ಅದು ಅವನಿಗೆ ಲಾಭವೋ ನಷ್ಟವೋ, ಅವನೇ ಬರೆದುಕೊಳ್ಳಲಿ. ಚಾಪೆಲ್‌ನವರಿಗೆ 1,600. ಅಯ್ಯನವರಿಗೆ 350, ಜೊತೆಗೆ ಒಂದು ಶಾಲು. 418ನೇ ನಂಬರಿನವರಿಗೆ ಒಂದು ತಂಬಿಗೆ ಹಾಲು. ಮಗಳಿಗೆ ಏನೂ ಇಲ್ಲ, ಬೇಡ ಅಂದಳು.

ದ್ಯಾಮವ್ವನಿಗೆ ಮೂರು ಅಡಿ ಅಗಲ, ಏಳು ಅಡಿ ಉದ್ದ, ಅವಳದೇ ಹೆಸರಿನಲ್ಲಿ.

ಪಂಚಾಕ್ಷರಯ್ಯನಿಗೆ ಇನ್ನೂ ಏನೂ ಇಲ್ಲ. ಹೆಂಡತಿ ಸಾಯುವ ತನಕ ಏನೂ ಇಲ್ಲ.

ನನಗೆ ಫೀ 1,200, ಪೆಟ್ಟಿಗೆಯಲ್ಲಿ 500, ಇನ್ನೂರೈವತ್ತು ಬೇರೆ. ಪಾಟಲಿ ಮಾರಿದರೆ ಅದರಲ್ಲೂ ಕಮಿಷನ್ ಉಂಟು, ರೂಢಿಯಂತೆ ನೂರಕ್ಕೆ ಐದು. ಇದನ್ನು ಬರೆಯುವಾಗಲೂ ಕೈ ತಾನೇ ಆ ಐದನ್ನೂ ಮೊತ್ತಕ್ಕೆ ಕೂಡಿಸಿಬಿಟ್ಟಿದೆ.