ಜೂನ್ ಒಂದಕ್ಕೆ ಹುಟ್ಟಿದವರು

೨೧ ನವೆಂಬರ್, ಶುಕ್ರವಾರ. ಹಳಿಯಾಳ.

ಅನುಮಾನ ಇನ್ನೂ ಹೋಗಿಲ್ಲ, ಬೇರೆ ಕಡೆ ಹೊರಳಿದೆ ಅಷ್ಟೆ.

ಆರೋಗ್ಯ ಸಮೀಕ್ಷೆಗೆಂದು ನನ್ನ ಕೈಕೆಳಗಿನ ಆಶಾ ಕಾರ್ಯಕರ್ತೆ ಫಿಲೋಮಿನಾ ತನ್ನೂರಿನ ನೂರಾ ಹನ್ನೆರಡು ಜನರ ಜನ್ಮದಿನಾಂಕ ಬರೆದು ತಂದಿದ್ದಳು. ಯಾವ ಸಂಖ್ಯೆ ಅತಿ ಹೆಚ್ಚು ಸಲ ಬಂದಿದೆ ಎಂದು ಇವತ್ತು ಎಕ್ಸೆಲ್‌ನಲ್ಲಿ ಮೋಡ್ ಸೂತ್ರ ಹಾಕಿ ನೋಡಿದೆ. ದಿನದ ಕಾಲಂನಲ್ಲಿ ಒಂದು, ತಿಂಗಳಿನದರಲ್ಲಿ ಆರು. ಎಣಿಸಿದರೆ ಅರವತ್ತೊಂದು ಜನ ಜೂನ್ ಒಂದಕ್ಕೇ ಹುಟ್ಟಿದ್ದಾರೆ! ಇವಳು ಯಾರ ಮನೆಗೂ ಹೋಗದೆ ಕೂತಲ್ಲೇ ಗೀಚಿದ್ದಾಳೆ ಅಂದುಕೊಂಡೆ. ಕರೆದು ಗದರಿದೆ.

ಅವಳು ಬೆದರಲಿಲ್ಲ. "ಅಕ್ಕಾರ, ತಾಯಂದ್ರಿಗೆ ತಾರೀಕು ಎಲ್ಲಿ ನೆನಪಿರ್ತೈತ್ರಿ? ಸಾಲಿಗೆ ಹೆಸರು ಹಚ್ಚುವಾಗ ಮಾಸ್ತರ ಎಲ್ಲಾರಿಗೂ ಜೂನ್ ಒಂದು ಅಂತ ಬರದ್ರು. ಯಾವ ಮಾಸ್ತರ ಅಂತ ನಿಮಗೂ ಗೊತ್ತೈತಲ್ರಿ."

ಗೊತ್ತಿದೆ. ಅವಳೂರಿನ ಶಾಲೆಯಲ್ಲಿ ಅಪ್ಪ ಹದಿನೆಂಟು ವರ್ಷ ಮಾಸ್ತರನಾಗಿದ್ದ.

ನನ್ನದೂ ಜೂನ್ ಒಂದೇ. ಆದರೆ ಮಾಸ್ತರರ ಮಗಳ ತಾರೀಕಾದರೂ ಖರೇ ಇರಬೇಕೆಂದು ಇಷ್ಟು ವರ್ಷ ನಂಬಿದ್ದೆ. ಮನೆಗೆ ಬಂದವಳೇ ಅವ್ವನನ್ನು ಕೇಳಿದೆ. ಅವಳು ಮೆಂತ್ಯೆ ಸೊಪ್ಪು ಸೋಸುತ್ತಲೇ ಹೇಳಿದಳು: "ನೀ ಹುಟ್ಟಿದ್ದು ಚಳಿಯಾಗ, ಉಳವಿ ಜಾತ್ರಿಗೆ ಚಕ್ಕಡಿ ಹೊಂಟಾಗ. ಸಾಲ್ಯಾಗ ಒಂದನೇತ್ತಾಗ ಸರಕಾರದ ಲೆಕ್ಕಕ್ಕ ಒಂದು ಹುಡುಗ ಕಡಿಮಿ ಬಿದ್ದಿತ್ತಂತ, ನಿಮ್ಮಪ್ಪ ನಿನ್ನ ವಯಸ್ಸು ಏರಿಸಿ ಕೂಡ್ರಿಸಿದಾ."

ಅರವತ್ತೆರಡು.

ಪ್ರತಿ ಜೂನ್ ಒಂದಕ್ಕೆ ಅಪ್ಪ ಪೇಢೆ ತಂದು ಬಾಯಿಗಿಡುವಾಗ ಒಂದು ನಗೆ ನಗುತ್ತಿದ್ದ. ಪ್ರೀತಿ ಅಂದುಕೊಂಡಿದ್ದೆ. ಈಗ ಆ ನಗೆಯ ಮೇಲೂ ಅನುಮಾನ.