ಮೇಷ್ಟರ ಗುಂಗುರು ಕೂದಲು

ಅಕ್ಕಾ,

ಕಾಲವನ್ನು ಹಿಂದಕ್ಕೆ ತಿರುಗಿಸುವ ವಿದ್ಯೆಯ ಶಾಲೆ ಸೇರಿ ಕ್ಷೇಮವಾಗಿದ್ದೇನೆ. ಮೊನ್ನೆ ನಮ್ಮ ಮೇಷ್ಟರು, "ಮಂತ್ರಾನ ನನ್ನ ಬೋಳುತಲೆ ಮೇಲೇ ಪ್ರಯೋಗ ಮಾಡ್ರಪ್ಪ" ಎಂದು ಕುಳಿತರು. ನಾವು ಹೇಳಿ ಮುಗಿಸುವಷ್ಟರಲ್ಲಿ ಗುಂಗುರು ಕೂದಲಿನ ಜೊತೆ ಇಪ್ಪತ್ತೈದರ ಪ್ರಾಯವೂ ಮರಳಿ ಬಂತು. ಹಿಗ್ಗಿನಿಂದ ನಮ್ಮನ್ನೂ ಕರೆದುಕೊಂಡು ಮನೆಗೆ ಓಡಿದರು. ಅವರ ಹೆಂಡತಿ ಬಾಗಿಲಲ್ಲೇ ತಡೆದು, "ಈ ಹುಡುಗನ್ನ ದಾರಿಗೆ ತರೋಕೆ ನಂಗೆ ಮೂವತ್ತು ವರ್ಷ ಹಿಡೀತು. ಇನ್ನೊಂದ್ಸಲ ನನ್ನ ಕೈಲಾಗಲ್ಲ. ನಮ್ಮ ಯಜಮಾನ್ರನ್ನ ಕರ್ಕೊಂಡು ಬನ್ನಿ" ಎಂದರು. ವಯಸ್ಸಿನ ಜೊತೆ ಕಲಿತದ್ದೂ ಇಳಿದುಹೋಗಿ, ಮೇಷ್ಟರು ಈಗ ನನ್ನ ಪಕ್ಕದ ಬೆಂಚಿನಲ್ಲಿ ಕೂತು ಮೊದಲ ಪಾಠ ಬರೆದುಕೊಳ್ಳುತ್ತಿದ್ದಾರೆ.

ನನ್ನ ನೆಗಡಿ ವಾಸಿಯಾಗಿದೆ. ಗಂಟೆ ಹೊಡೆಯಿತು, ಕ್ಲಾಸಿಗೆ ಹೊರಟೆ. ಭಾವನ ತಲೆಗೂ ಕೂದಲು ತರಿಸಬಲ್ಲೆ. ನೀನು ಮಾತ್ರ ಚೆನ್ನಾಗಿ ಯೋಚಿಸಿ ಉತ್ತರ ಬರೆ.

ನಿನ್ನ ತಮ್ಮ